ಎಂ. ತಿಪ್ಪೇಸ್ವಾಮಿ ಹೂಂ ಅಂದರು

“ಈಗ ಕೂಗ್ತಿರೋದು ಯಾವುದಪ್ಪಾ?”

ತಿಪ್ಪೇಸ್ವಾಮಿಯವರು ಇದನ್ನು ಯಾರನ್ನೂ ಕುರಿತು ಕೇಳಲಿಲ್ಲ. ಕೇಳಲು ಮನೆಯಲ್ಲಿ ಯಾರೂ ಇರಲಿಲ್ಲ. ಮಗ ಮನೋಜ್ ಮತ್ತು ಸೊಸೆ ವೇದಾ ಬೆಳಿಗ್ಗೆ ಕೆಲಸಕ್ಕೆ ಹೊರಟರೆ ಕ್ರೈಸ್ಟ್‌ಚರ್ಚಿನ ಹಾರ್ನ್‌ಬಿ ಬಡಾವಣೆಯ ಆ ಮನೆಯಲ್ಲಿ ಸಂಜೆಯವರೆಗೆ ಉಳಿಯುತ್ತಿದ್ದದ್ದು ಅವರು ಮತ್ತು ಕೂಗುವ ಯಂತ್ರಗಳು. ಬಟ್ಟೆ ಒಗೆದು ಮುಗಿದರೆ ಒಂದು ಕೂಗು, ಪಾತ್ರೆ ತೊಳೆದು ಮುಗಿದರೆ ಇನ್ನೊಂದು, ಫ್ರಿಜ್ಜಿನ ಬಾಗಿಲು ಸರಿಯಾಗಿ ಮುಚ್ಚದಿದ್ದರೆ ಮತ್ತೊಂದು. ಊರಿನಿಂದ ಬಂದು ನಾಲ್ಕು ತಿಂಗಳಾಗುತ್ತ ಬಂದರೂ ಯಾವ ಕೂಗು ಯಾರದೆಂಬುದು ಅವರಿಗೆ ಇನ್ನೂ ಗುರುತಾಗಿರಲಿಲ್ಲ. ಎದ್ದು ಒಂದೊಂದರ ಮುಂದೆಯೂ ನಿಂತು ನೋಡಿದರು. ಕೊನೆಗೆ ಸಿಕ್ಕಿದ್ದು ಅಡುಗೆಮನೆಯ ಬಾಗಿಲ ಪಕ್ಕದ ಗೋಡೆಗೆ ಹಾಕಿದ್ದ ಫೋನು. ಇಂಟರ್ನೆಟ್ಟಿನ ಜೊತೆ ಸುಮ್ಮನೆ ಬಂದದ್ದು, ಅದಕ್ಕೆ ಯಾರೂ ಮಾಡುವುದಿಲ್ಲ ಎಂದು ಮನೋಜ್ ಹೇಳಿದ್ದ.

“ಹಲೋ... ಹಲೋ, ಯಾರು ಮಾತಾಡೋದು?...”

“ಎಸ್... ಎಸ್, ತಿಪ್ಪೇಸ್ವಾಮಿ ಸ್ಪೀಕಿಂಗ್... ಎಂ. ತಿಪ್ಪೇಸ್ವಾಮಿ, ಎಸ್, ಕರೆಕ್ಟ್... ಹಾಂ? ಏನಂದ್ರಿ?... ನೀವು ಕನ್ನಡದೋರಾ?”

ಅಡುಗೆಮನೆಯ ಎತ್ತರದ ಸ್ಟೂಲನ್ನು ಕಾಲಿನಿಂದಲೇ ಎಳೆದುಕೊಂಡು ಅವರು ಕೂತರು. ಇಂಗ್ಲಿಷಾದರೆ ನಿಂತೇ ಮುಗಿಸಬಹುದಿತ್ತು.

“ಅರುಂಧತಿ... ಒಳ್ಳೇ ಹೆಸರು. ಮೈಸೂರೋರು... ಈಗ ಎಲ್ಲಿಂದ ಮಾಡ್ತಿರೋದು?... ಲೋವರ್ ಹಟ್. ಅದು ಮೇಲಿನ ದ್ವೀಪ ಅಲ್ವಾ? ಸಮುದ್ರ ದಾಟಿ ಬರ್ತಿದೆ ನಿಮ್ಮ ದನಿ, ಪಕ್ಕದ ಮನೆಯಿಂದ ಬಂದಂಗಿದೆ... ಯಾವ ಬ್ಯಾಂಕಮ್ಮ? ನಂದು ಇಲ್ಲಿ ಯಾವ ಬ್ಯಾಂಕಲ್ಲೂ ಇಲ್ಲ... ಬ್ಯಾಂಕಲ್ವಾ?”

“ಹಾಂ... ಹಾಂ... ಅಧ್ಯಯನ. ಕಲಿಯೋರ ಬಗ್ಗೆ... ವಿದ್ಯಾರ್ಥಿಗಳು ಮುಂದೆ ಏನಾದ್ರು, ಹೆಂಗಿದ್ದಾರೆ ಅಂತ... ಇದು ಎರಡನೇ ಸುತ್ತು... ಹೂಂ... ಹೂಂ... ಕನ್ನಡದಲ್ಲೇ ಕೇಳ್ತೀರಾ? ಕೇಳಿ, ಕೇಳಿ. ಪ್ರಶ್ನೆ ಅಲ್ಲಿ ಇಂಗ್ಲಿಷಲ್ಲಿದ್ರೆ ನೀವು ತಿರುಗಿಸಿಕೊಂಡು ಹೇಳಬೇಕಲ್ಲ, ನಿಮಗೆ ಕಷ್ಟ ಅಷ್ಟೇ.”

ಅವರಿಗೆ ಆಶ್ಚರ್ಯವೇನೂ ಆಗಲಿಲ್ಲ. ಪ್ರತಿ ಬುಧವಾರ ಬೆಳಿಗ್ಗೆ ಅವರು ಲೈಬ್ರರಿಯ ಹಿಂದಿನ ಕೋಣೆಗೆ ಇಂಗ್ಲಿಷ್ ಮಾತಾಡುವುದನ್ನು ಕಲಿಯಲು ಹೋಗುತ್ತಿದ್ದರು. ಹಿಂದೆಂದೋ ವಿಶ್ವವಿದ್ಯಾಲಯದಲ್ಲಿ ಪಾಠ ಮಾಡಿದ್ದ ಬೆಳ್ಳಿಕೂದಲಿನ ಹೆಂಗಸೊಬ್ಬಳು ಅಲ್ಲಿ ಬಿಸ್ಕತ್ತು ಕೊಟ್ಟು ಕಲಿಸುತ್ತಿದ್ದಳು. ಮೊದಲ ದಿನವೇ ಹೆಸರು, ಫೋನು ಬರೆದುಕೊಂಡಿದ್ದಳು. ಸರ್ಕಾರಿ ಕೆಲಸದಲ್ಲಿ ಹೆಸರು ಬರೆದುಕೊಂಡ ಮೇಲೆ ಒಂದಲ್ಲ ಒಂದು ದಿನ ಯಾರಾದರೂ ಬಂದು ಕೇಳುತ್ತಾರೆ ಎಂಬುದು ತಿಪ್ಪೇಸ್ವಾಮಿಯವರಿಗೆ ಗೊತ್ತಿದ್ದ ವಿಷಯ. ಮೊಳಕಾಲ್ಮೂರು ತಾಲ್ಲೂಕು ಕಚೇರಿಯ ಅಂಕಿಅಂಶದ ವಿಭಾಗದಲ್ಲಿ ಅವರು ಜೀವಮಾನವೆಲ್ಲ ಹಾಗೆ ಬಂದು ಕೇಳುವವರಾಗಿದ್ದರು. ಎಷ್ಟು ಎಕರೆ ಶೇಂಗಾ, ಎಷ್ಟು ಮಗ್ಗ, ಮನೆಯಲ್ಲಿ ಎಷ್ಟು ತಲೆ. ಮುಖದ ಮೇಲೆ ಬಾಗಿಲು ಹಾಕಿಸಿಕೊಂಡವರು ಬಾಗಿಲು ತಟ್ಟುವವರನ್ನು ಕೂರಿಸಿ ನೀರು ಕೊಡುತ್ತಾರೆ. ಫೋನಿನಲ್ಲಿ ನೀರು ಕೊಡಲು ಆಗುವುದಿಲ್ಲ.

“ಅಂಕಲ್ ಅಂದ್ರೆ ಏನೂ ತಪ್ಪಿಲ್ಲಮ್ಮ. ಇಲ್ಲಿ ಎಲ್ಲರೂ ಹಂಗೇ ಅಂತಾರೆ... ಹಂಗಾದ್ರೆ ನಾನೂ ನಿನ್ನ ನೀನು ಅಂತೀನಿ, ಏನೂ ತಿಳ್ಕೋಬೇಡ... ನೀನೂ ಓದ್ತಾ ಇದೀಯಾ? ಓದ್ತಾನೇ ಈ ಕೆಲಸನೂ. ಒಳ್ಳೇದು.”

“ನಾನು ಹೇಳಿದ್ದು ಯಾರಿಗೂ ಹೇಳಲ್ಲ ಅಂತೀಯಾ... ಹೂಂ, ಗೊತ್ತಮ್ಮ. ಆ ಮಾತು ನಾನೂ ಹೇಳ್ತಿದ್ದೆ. ನಿನಗೊಂದು ಹೇಳ್ಲಾ? ಟೈಮ್ ಇದೆಯಾ?”

ಟೈಮ್ ಇತ್ತೋ ಇಲ್ಲವೋ, ಅವರು ಹೇಳಿದರು. ಎಂಬತ್ತೊಂದರ ಜನಗಣತಿಗೆ ಮೇಷ್ಟ್ರುಗಳು ಸಾಲದೆ ಅವರನ್ನೂ ಹಳ್ಳಿಗೆ ಕಳಿಸಿದ್ದರು. ಅಲ್ಲೊಬ್ಬ ಮುದುಕ. ಆತನ ಮಗ ಬೇರೆಯಾಗಿ ಪಕ್ಕದಲ್ಲೇ ಒಲೆ ಹೂಡಿದ್ದ. ತಿಪ್ಪೇಸ್ವಾಮಿಯವರು ಮಗನ ಮನೆ ಮುಗಿಸಿ ಮುದುಕನ ಮನೆಗೆ ಬಂದಾಗ ಮುದುಕ ಮಜ್ಜಿಗೆ ತರಿಸಿ, ಮನೆಯ ಯಜಮಾನ ಯಾರು ಎಂಬ ಕಡೆ ನನ್ನ ಮಗ ಯಾರ ಹೆಸರು ಬರೆಸಿದ ಎಂದು ಕೇಳಿದ. ಅಷ್ಟೇ ಕೇಳಿದ್ದು. ತಿಪ್ಪೇಸ್ವಾಮಿಯವರು ಮಜ್ಜಿಗೆಯ ಲೋಟ ಕೆಳಗಿಟ್ಟು, ಆಗಲ್ಲ ಯಜಮಾನ್ರೇ, ಏನು ಬರೆಸಿದ್ರೂ ಹೇಳೋಕಾಗಲ್ಲ ಎಂದರು. ಮುದುಕ ಬಾಗಿಲ ಚೌಕಟ್ಟು ಹಿಡಿದುಕೊಂಡು ನಿಂತೇ ಇದ್ದ. ಆ ಬೀದಿಯಲ್ಲಿ ಆಮೇಲೆ ಯಾರೂ ಅವರಿಗೆ ನೀರು ಕೊಡಲಿಲ್ಲ. ಬಿಸಿಲಲ್ಲಿ ಬಾಯಾರಿ ಗಣತಿ ಮುಗಿಸಿದ ಆ ಮಧ್ಯಾಹ್ನದ ಬಗ್ಗೆ ಅವರಿಗೆ ಇವತ್ತಿಗೂ ಸಣ್ಣದೊಂದು ಹೆಮ್ಮೆ.

“ಹಂಗಿರಬೇಕು ಅಂತ ಹೇಳಿದೆ ಅಷ್ಟೇ... ಸರಿ, ನೀನು ಶುರು ಮಾಡು.”

“ಹೂಂ... ಹೂಂ... ಕ್ರೈಸ್ಟ್‌ಚರ್ಚ್, ಹೂಂ... ಹೂಂ...”

ಇಲ್ಲಿ ಅವರ ಹೂಂ ಬಗ್ಗೆ ಒಂದು ಮಾತು ಹೇಳಬೇಕು. ತಿಪ್ಪೇಸ್ವಾಮಿಯವರು ಕಾವ್ಯವಾಚನ ಕೇಳಿ ಬೆಳೆದವರು. ಊರ ಗುಡಿಯ ಪಡಸಾಲೆಯಲ್ಲಿ ಒಬ್ಬರು ರಾಗವಾಗಿ ಪದ್ಯ ಓದುವುದು, ಇನ್ನೊಬ್ಬರು ಅರ್ಥ ಹೇಳುವುದು, ಕಂಬಕ್ಕೆ ಒರಗಿದವರು ಕೇಳುವುದು. ಅವರಿಗೆ ಓದಲು ಕಂಠವಿರಲಿಲ್ಲ, ಅರ್ಥ ಹೇಳುವಷ್ಟು ವಿದ್ಯೆಯಿರಲಿಲ್ಲ. ಕೇಳುವುದು ಬರುತ್ತಿತ್ತು. ಕೇಳುವವನ ಧರ್ಮ ಎರಡೇ ಎಂದು ಅವರ ತಾಯಿ ಹೇಳಿಕೊಟ್ಟಿದ್ದರು: ನಡುವೆ ಎದ್ದು ಹೋಗಬಾರದು, ಆಗಾಗ ಹೂಂ ಅನ್ನುತ್ತಿರಬೇಕು. ಎದುರಿಗಿರುವವರು ಎಚ್ಚರವಾಗಿದ್ದಾರೆ ಎಂದು ಓದುವವರಿಗೆ ತಿಳಿಯಬೇಕಲ್ಲ. ಆ ಹೂಂನಲ್ಲಿ ಒಪ್ಪಿಗೆಯಿಲ್ಲ, ತಕರಾರಿಲ್ಲ. ಕಿವಿ ಇಲ್ಲಿದೆ ಎಂಬ ಸುದ್ದಿ ಮಾತ್ರ. ಲೋವರ್ ಹಟ್‌ನ ಕೋಣೆಯಲ್ಲಿ ಕಂಪ್ಯೂಟರಿನ ಮುಂದೆ ಕೂತವಳು ಪ್ರತಿಯೊಂದು ಹೂಂಗೂ ಹೌದು ಎಂದು ಒತ್ತುತ್ತ ಹೋದಳೆಂಬುದು ಅವರಿಗೆ ತಿಳಿದದ್ದು ಆಮೇಲೆ.

“ಕೆಲಸವಾ? ರಿಟೈರ್ಡು... ಹೂಂ, ರಿಟೈರ್ಡೇ... ಇಲ್ಲ, ಬೇರೆ ಕೆಲಸ ಹುಡುಕ್ತಾ ಇಲ್ಲ... ಕಳೆದ ನಾಲ್ಕು ವಾರದಲ್ಲೂ ಹುಡುಕಿಲ್ಲ. ಯಾಕೆ, ಹುಡುಕಬೇಕಿತ್ತಾ?”

“ಎಪ್ಪತ್ತೊಂದು ವರ್ಷದೋರೂ ಇದ್ದಾರಾ ನಿನ್ನ ಪಟ್ಟೀಲಿ?... ಡಿಗ್ರಿ ಮುಗಿಸಿದ್ರಾ ಅವರು? ಈ ದೇಶದಲ್ಲಿ ಯಾರನ್ನೂ ನಂಬೋಕಾಗಲ್ಲ. ಹಂಗಾದ್ರೆ ನಾನು ಚಿಕ್ಕೋನು ಬಿಡು.”

“ಕಲಿತದ್ದು ದಿನನಿತ್ಯ ಉಪಯೋಗಕ್ಕೆ ಬಂತಾ ಅಂದ್ರೆ... ಬಂತು. ಮೊನ್ನೆ ಮೂಲೆ ಡೈರಿ ಅಂಗಡಿಗೆ ಬ್ರೆಡ್ಡು ತರೋಕೆ ಹೋಗಿದ್ದೆ. ಅಂಗಡಿಯೋನು ಹೆಂಗಿದೀರಿ ಅಂತ ಕೇಳಿದ. ನಾಟ್ ಬ್ಯಾಡ್ ಅಂದೆ. ಮೊದ್ಲೆಲ್ಲ ಐ ಆಮ್ ವೆರಿ ವೆಲ್, ಥ್ಯಾಂಕ್ ಯೂ ಸರ್ ಅಂತಿದ್ದೆ, ಅವನು ಗಾಬರಿ ಆಗ್ತಿದ್ದ... ಬಹಳ ಉಪಯೋಗ ಅಂತಲೇ ಹಾಕು.”

“ಸೊನ್ನೆಯಿಂದ ಹತ್ತರ ತನಕ... ಜೀವನದಲ್ಲಿ ಎಷ್ಟು ತೃಪ್ತಿ ಅಂತ... ಏಳು ಹಾಕಮ್ಮ... ಕಾರಣನೂ ಕೇಳ್ತಾರಾ?... ಕೇಳಲ್ವಾ? ನಾನೇ ಹೇಳ್ತೀನಿ. ನನ್ನ ಮಗಂದು ಒಂದು ತೀರ್ಮಾನ ಬಾಕಿ ಇದೆ. ಅದಾದ್ರೆ ಒಂಬತ್ತು.”

ಆ ತೀರ್ಮಾನ ಇದು. ಮನೋಜ್ ಇಲ್ಲಿಗೆ ಬಂದು ಮಾಸ್ಟರ್ಸ್ ಮುಗಿಸಿ ಮೂರು ವರ್ಷವಾಗುತ್ತ ಬಂದಿತ್ತು. ಈಗ ಹಾರ್ನ್‌ಬಿಯ ದೊಡ್ಡ ಗೋದಾಮೊಂದರಲ್ಲಿ ಯಾವ ಸಾಮಾನು ಯಾವ ಲಾರಿಗೆ ಎಂದು ಕಂಪ್ಯೂಟರಿನಲ್ಲಿ ಗೊತ್ತುಮಾಡುವ ಕೆಲಸ. ಅವನ ಪ್ರೊಫೆಸರು, ಡಾಕ್ಟರೇಟಿಗೆ ಬರುವುದಾದರೆ ಬಾ, ಜಾಗವಿದೆ ಎಂದು ಹೇಳಿ ಕಳಿಸಿದ್ದರು. ಅರ್ಜಿ ಹಾಕಲು ಈ ತಿಂಗಳ ಕೊನೆಯವರೆಗೆ ಸಮಯ. ತಿಪ್ಪೇಸ್ವಾಮಿಯವರ ವಿಮಾನವೂ ಹೆಚ್ಚುಕಡಿಮೆ ಆಗಲೇ. ಗುಡಿಯ ಪಡಸಾಲೆಯಲ್ಲಿ ಅರ್ಥ ಹೇಳಲು ಚಿತ್ರದುರ್ಗದಿಂದ ಬರುತ್ತಿದ್ದವರ ಹೆಸರಿನ ಮುಂದೆ ಡಾಕ್ಟರ್ ಎಂದಿರುತ್ತಿತ್ತು. ಅವರಿಗೆ ಮಣೆ, ಉಳಿದವರಿಗೆ ಚಾಪೆ. ತಿಪ್ಪೇಸ್ವಾಮಿಯವರು ಅರವತ್ತು ವರ್ಷ ಚಾಪೆಯಲ್ಲಿ ಕೂತಿದ್ದರು. ಚಾಪೆಯ ಬಗ್ಗೆ ಅವರ ದೂರೇನೂ ಇರಲಿಲ್ಲ, ಮಗ ಮಣೆಯ ಮೇಲೆ ಕೂರಲಿ ಎಂಬುದಷ್ಟೇ.

ಊಟದ ಹೊತ್ತಿನಲ್ಲಿ ಅವರು ಅದನ್ನು ಕೇಳುತ್ತಿದ್ದರು. ಮನೋಜ್ “ನೋಡೋಣ ಅಪ್ಪ” ಎನ್ನುತ್ತಿದ್ದ. ವೇದಾ ಎದ್ದು ಮೊಸರು ತರುತ್ತಿದ್ದಳು. ಆ ನೋಡೋಣದೊಳಗೆ ಏನಿದೆ ಎಂದು ನಾಲ್ಕು ತಿಂಗಳು ಕಿವಿಗೊಟ್ಟರೂ ಅವರಿಗೆ ಕೇಳಿಸಿರಲಿಲ್ಲ. ಮಗನಿಗೆ ಅದು ಬೇಕೋ, ತಂದೆಗೆ ಬೇಡ ಎನ್ನಲಾರದೆ ತಳ್ಳುತ್ತಿದ್ದಾನೋ. ಅಷ್ಟು ತಿಳಿದರೆ ಅವರು ನೆಮ್ಮದಿಯಾಗಿ ವಿಮಾನ ಹತ್ತಬಹುದಿತ್ತು. ಬೇಡವೆಂದಿದ್ದರೆ ಬೇಡ. ಆದರೆ ಬೇಡವೆಂದು ಅವನು ಹೇಳಬೇಕಿತ್ತು.

“ಹಾಂ, ಇದೀನಿ, ಇದೀನಿ... ಹೋದ ಸಲ ಹೇಳಿದ್ದನ್ನ ಓದ್ತೀಯಾ?... ಈಗಲೂ ಹಂಗೇ ಇದೆಯಾ, ಬದಲಾಗಿದೆಯಾ ಅಂತ ಹೇಳಬೇಕು. ಒಳ್ಳೇ ಪದ್ಧತಿ. ಓದು. ಕೇಳೋದು ನನಗೆ ಗೊತ್ತಿರೋ ಕೆಲಸ.”

ಹೋದ ಸಲ ಎಂದರೆ ಲೈಬ್ರರಿಯ ಬೆಳ್ಳಿಕೂದಲಿನ ಹೆಂಗಸು ಏನೇನೋ ಕೇಳಿದ್ದಳಲ್ಲ, ಅದು ಎಂದುಕೊಂಡರು. ಏನು ಹೇಳಿದ್ದೆನೆಂದು ನೆನಪಿರಲಿಲ್ಲ. ಅವತ್ತಿನ ಇಂಗ್ಲಿಷಿನಲ್ಲಿ ಏನು ಬೇಕಾದರೂ ಹೇಳಿರಬಹುದಿತ್ತು.

“ಮನೇಲಿ ಮೂರು ಜನ... ಹೂಂ... ಫ್ಲ್ಯಾಟ್‌ಮೇಟು... ಹೂಂ, ಮಗ ಸೊಸೆ ಅಂದ್ರೂ ಅದೇ... ವಾರದಲ್ಲಿ ಅರ್ಧ ದಿನ ಅಂಗಡಿ ಕೆಲಸ... ಹೂಂ...”

“ಟೆಂಟಾ?”

“ಏನಂದೆ, ಇನ್ನೊಂದು ಸಲ ಹೇಳು... ಪಾಠ ಎಲ್ಲ ಟೆಂಟಿನಲ್ಲಿ. ಕಾರು ನಿಲ್ಲಿಸೋ ಬಯಲಲ್ಲಿ ಟೆಂಟು ಹಾಕಿ... ಭೂಕಂಪ ಆದ್ಮೇಲೆ... ಹೂಂ... ರಾತ್ರಿ ಶೂ ಹಾಕ್ಕೊಂಡೇ ಮಲಗ್ತಿದ್ದೆ ಅಂತ... ಹಂಗಂತ ನಾನು ಹೇಳಿದ್ನಾ?”

ತಿಪ್ಪೇಸ್ವಾಮಿಯವರು ಸ್ಟೂಲಿನಿಂದ ಎದ್ದು ನಿಂತರು.

ಆ ಭೂಕಂಪದ ಸುದ್ದಿಯನ್ನು ಅವರು ಮೊಳಕಾಲ್ಮೂರಿನಲ್ಲಿ ಟಿವಿಯಲ್ಲಿ ನೋಡಿದ್ದರು. ಆ ಭಾನುವಾರ ಮನೋಜ್ ಎಂದಿನ ಹೊತ್ತಿಗೆ ಫೋನು ಮಾಡಿ, ನಮ್ಮ ಕಡೆ ಅಷ್ಟೇನೂ ಇಲ್ಲ ಅಪ್ಪ, ಕ್ಲಾಸುಗಳು ನಡೀತಿವೆ ಎಂದಿದ್ದ. ತಿಪ್ಪೇಸ್ವಾಮಿಯವರು ಬೀದಿಯಲ್ಲಿ ಕೇಳಿದವರಿಗೆಲ್ಲ, ಅಲುಗಿದ್ದು ಬೇರೆ ಕಡೆಯಂತೆ, ನಮ್ಮವನ ಕಾಲೇಜಿನ ಹತ್ತಿರ ಅಲ್ಲವಂತೆ ಎಂದು ಹೇಳಿದ್ದರು. ಕ್ಲಾಸುಗಳು ನಡೆದಿದ್ದವು. ಅದು ಸುಳ್ಳಾಗಿರಲಿಲ್ಲ.

ಅವರದು ಮೊಳಕಾಲ್ಮೂರಿನ ಎಂ., ಮಗನದು ಮನೋಜನ ಎಂ. ಪಾಸ್‌ಪೋರ್ಟ್ ಮಾಡಿಸುವಾಗ ಮನೆತನದ ಹೆಸರು ಬೇಕೆಂದರು. ಅವರ ಮನೆಯಲ್ಲಿ ಅಂಥದ್ದು ಯಾರಿಗೂ ಇರಲಿಲ್ಲ. ತಂದೆಯ ಹೆಸರನ್ನೇ ಹಿಂದೆ ಹಾಕಿದರು. ಹೀಗಾಗಿ ಈ ದೇಶಕ್ಕೆ ಬಂದ ಮೊದಲ ಎಂ. ತಿಪ್ಪೇಸ್ವಾಮಿ ಅವರ ಮಗ. ಫೋನು ಮಾಡಿದವಳು ಬಿಳಿಯಳಾಗಿದ್ದರೆ ಎಂ ಅಂದರೇನು ಎಂದು ಕೇಳುತ್ತಿದ್ದಳು. ಕನ್ನಡದವಳಾದ್ದರಿಂದ ಕೇಳಲಿಲ್ಲ. ನಮ್ಮಲ್ಲಿ ಇನಿಷಿಯಲ್ಲನ್ನು ಯಾರು ಕೇಳುತ್ತಾರೆ.

“ಇಲ್ಲಮ್ಮ, ಲೈನ್ ಕಟ್ಟಾಗಿಲ್ಲ... ಇದೀನಿ...”

ಇದು ನಾನಲ್ಲ ಎಂದು ಹೇಳಬೇಕಾದ ಜಾಗ ಇದೇ ಎಂದು ತಿಪ್ಪೇಸ್ವಾಮಿಯವರಿಗೆ ಚೆನ್ನಾಗಿ ಗೊತ್ತಿತ್ತು. ಅವರಷ್ಟು ಗೊತ್ತಿದ್ದವರು ಚಿತ್ರದುರ್ಗ ಜಿಲ್ಲೆಯಲ್ಲೇ ಕಡಿಮೆ.

“ಮುಂದೆ ಓದು,” ಎಂದರು.

“ಓದು ಬಿಟ್ಟುಬಿಡೋಣ ಅಂತ ಎಷ್ಟು ಸಲ ಅನ್ನಿಸ್ತು... ಬಹಳ ಸಲ... ಹೂಂ.”

“ಯಾರ ಹತ್ರ ಹೇಳ್ಕೊಂಡೆ... ಯಾರ ಹತ್ರಾನೂ ಇಲ್ಲ... ಹೂಂ.”

ಕಿಟಕಿಯ ಹೊರಗೆ ಪಕ್ಕದ ಮನೆಯವನು ತನ್ನ ಯೂಟ್ ಎಂಬ ತೆರೆದ ಗಾಡಿಯ ಹಿಂಭಾಗಕ್ಕೆ ಏಣಿ ಕಟ್ಟುತ್ತಿದ್ದ. ಕಟ್ಟಿ, ಎಳೆದು ನೋಡಿ, ಬಿಚ್ಚಿ ಮತ್ತೆ ಕಟ್ಟಿದ. ತಿಪ್ಪೇಸ್ವಾಮಿಯವರು ಅದನ್ನೇ ನೋಡುತ್ತ ನಿಂತರು.

“ಓದು ಮುಗಿಸೋಕೆ ಎಲ್ಲರಿಗಿಂತ ಹೆಚ್ಚು ಕಾರಣ ಯಾರು... ಅಪ್ಪ...”

“ಕೇಳಿಸ್ತು, ಕೇಳಿಸ್ತು. ಅಪ್ಪ ಅಂತ... ಅದು ಒಳ್ಳೇ ಅರ್ಥದಲ್ಲೋ, ಕೆಟ್ಟ ಅರ್ಥದಲ್ಲೋ? ಅಲ್ಲಿ ಬರೆದಿಲ್ವಾ?... ಅಷ್ಟೇನಾ ಇರೋದು... ಈಗಲೂ ಹಂಗೇ ಇದೆಯಾ ಅಂದ್ರೆ... ಅದನ್ನ ನಾನು ಹೇಳೋಕೆ ಬರಲ್ಲಮ್ಮ. ಗೊತ್ತಿಲ್ಲ ಅಂತ ಒಂದು ಇರ್ತದಲ್ಲ, ಅದನ್ನ ಒತ್ತು.”

ಮುಂದಿನ ಪ್ರಶ್ನೆಗೆ ಅವರು ಕಿಟಕಿಗೆ ಬೆನ್ನು ಮಾಡಿ ನಿಂತರು.

“ಡಾಕ್ಟರೇಟು... ಮುಂದೆ ಡಾಕ್ಟರೇಟ್ ಮಾಡೋ ಇಷ್ಟ ಇದೆಯಾ ಅಂತ ಕೇಳಿದ್ರು, ಹೂಂ... ಅದಕ್ಕೆ ತಮ್ಮ ಮಾತಿನಲ್ಲೇ ಉತ್ತರ... ನಾಲ್ಕು ಸಾಲು ಇದೆಯಾ?... ನಾಲ್ಕು ಸಾಲು.”

ನಾಲ್ಕು ತಿಂಗಳಲ್ಲಿ ಒಂದು ಪದಕ್ಕಿಂತ ಹೆಚ್ಚು ಹೇಳದವನು ಯಾರೋ ಗುರುತಿಲ್ಲದವರಿಗೆ ನಾಲ್ಕು ಸಾಲು ಹೇಳಿದ್ದ. ಪದ್ಯವೊಂದಕ್ಕೆ ಹೆಚ್ಚುಕಡಿಮೆ ಅಷ್ಟು ಸಾಕು. ತಿಪ್ಪೇಸ್ವಾಮಿಯವರು ಫೋನನ್ನು ಎಡಗಿವಿಯಿಂದ ಬಲಗಿವಿಗೆ ಬದಲಾಯಿಸಿಕೊಂಡರು. ಚೆನ್ನಾಗಿ ಕೇಳಿಸುವ ಕಿವಿ ಅದು. ಓದಲೇ ಎಂದು ಅವಳು ಕೇಳುತ್ತಿದ್ದಳು. ಅವರು ಹೂಂ ಅನ್ನಬೇಕಿತ್ತು. ಅಷ್ಟು ವರ್ಷ ಅಂದ ಹೂಂ. ನಾಲಿಗೆಗೆ ಅದರಷ್ಟು ಅಭ್ಯಾಸವಾದದ್ದು ಬೇರೊಂದಿರಲಿಲ್ಲ.

“ತಡಿಯಮ್ಮ. ಓದಬೇಡ.”

“ಓದಬೇಡ... ಯಾಕಂದ್ರೆ ಅದು ನನ್ನ ಮಾತಲ್ಲ... ಅಲ್ಲ ಅಂದ್ರೆ ಅಲ್ಲ. ನಾನು ಯಾವ ಟೆಂಟಲ್ಲೂ ಪಾಠ ಕೇಳಿಲ್ಲ ತಾಯಿ. ನಾನು ಈ ದೇಶಕ್ಕೆ ಬಂದಿದ್ದೇ ಈ ಸಲ ಯುಗಾದಿ ಮುಗಿಸ್ಕೊಂಡು. ನಿನ್ನ ಎಂ. ತಿಪ್ಪೇಸ್ವಾಮಿ ನನ್ನ ಮಗ. ಮನೋಜ್... ಎಂ ಅಂದ್ರೆ ಮನೋಜ್. ನಂದು ಎಂ ಬೇರೆ, ಅದು ಊರು... ಹೂಂ, ತಿಪ್ಪೇಸ್ವಾಮಿ ಅನ್ನೋದು ಅಪ್ಪನ ಹೆಸರು. ಇಲ್ಲಿಯೋರು ಅದನ್ನ ಮನೆತನ ಅಂದ್ಕೊಂಡಿದ್ದಾರೆ. ನೀನು ನಮ್ಮ ಕಡೆಯೋಳು, ನೀನು ಅದನ್ನ ಹೆಸರು ಅಂದ್ಕೊಂಡೆ. ನಿಂದೇನೂ ತಪ್ಪಿಲ್ಲ.”

“ಹೂಂ ಅಂದೆ, ನಿಜ. ಎಲ್ಲದಕ್ಕೂ ಅಂದೆ... ಅದು ಹೌದು ಅಂತ ಅಲ್ಲಮ್ಮ, ಕೇಳ್ತಾ ಇದೀನಿ ಅಂತ... ನಿಮ್ಮಜ್ಜಿ ಕತೆ ಹೇಳುವಾಗ ನೀನು ಅಂತಿರಲಿಲ್ವಾ?... ನೋಡು ಮತ್ತೆ.”

ಅವಳ ಹಿಂದೆ ಬೇರೆ ಬೇರೆ ದನಿಗಳು ಬೇರೆ ಬೇರೆ ಮನೆಗಳಿಗೆ ಅವೇ ಪ್ರಶ್ನೆಗಳನ್ನು ಕೇಳುತ್ತಿದ್ದವು. ಸೊನ್ನೆಯಿಂದ ಹತ್ತು. ಸೊನ್ನೆಯಿಂದ ಹತ್ತು.

“ಅಳಬೇಡ... ಅಳ್ತಾ ಇಲ್ವಾ? ಸರಿ.”

“ಮೇಲಿನೋರಿಗೆ ಹೇಳಿಬಿಡು. ಮುಚ್ಚಿಡೋದಕ್ಕೆ ಹೋಗಬೇಡ. ಹೆಸರಲ್ಲಿ ಹಿಂಗಾಯ್ತು, ಮುದುಕ ಹೂಂ ಹೂಂ ಅಂದ ಅಂತ ಹೇಳು. ಬೇಕಾದ್ರೆ ನಾನೇ ಮಾತಾಡ್ತೀನಿ. ಬುಧವಾರ ಆದ್ರೆ ನನ್ನ ಇಂಗ್ಲಿಷು ಸ್ವಲ್ಪ ಚೆನ್ನಾಗಿರ್ತದೆ... ಅರ್ಧ ತಪ್ಪು ನಂದೇ. ಟೆಂಟು ಅಂದಾಗಲೇ ಗೊತ್ತಾಯ್ತು ನನಗೆ. ಆಮೇಲೂ ಕೇಳಿದೆ... ಇಲ್ಲ, ಸುಳ್ಳು ಹೇಳ್ತಿಲ್ಲ. ಮೂರು ಪ್ರಶ್ನೆ ಕೇಳಿಸ್ಕೊಂಡೆ. ಅದನ್ನೂ ಸೇರಿಸಿ ಹೇಳು.”

“ಇನ್ನೊಂದು. ನನ್ನ ಏಳು ಅಳಿಸು. ಅದು ಅವನ ಲೆಕ್ಕಕ್ಕೆ ಹೋಗಬಾರದು. ರಿಟೈರ್ಡ್ ಅನ್ನೋದನ್ನೂ. ಅವನಿಗಿನ್ನೂ ಮೂವತ್ತಾಗಿಲ್ಲ... ಹೂಂ, ಹೂಂ... ಈಗ ಅಂದಿದ್ದು ಹೌದು ಅಂತಲೇ.”

ಅವಳು ನಕ್ಕಿರಬೇಕು. ತಿಪ್ಪೇಸ್ವಾಮಿಯವರ ಮುಖವೂ ಸ್ವಲ್ಪ ಸಡಿಲವಾಯಿತು.

“ಅವನು ಬರೋದು ಸಂಜೆ. ಊಟ ಆದ್ಮೇಲೆ ಮಾಡು, ಮನೋಜ್ ಅಂತಲೇ ಕೇಳು. ನಾನು ಆಚೆ ಕೋಣೇಲಿ ಇರ್ತೀನಿ, ಬಾಗಿಲು ಹಾಕ್ಕೊಂಡು... ಅವನಿಗಾ? ನಾನು ಕೇಳಿಸ್ಕೊಂಡಿದ್ದು ಹೇಳ್ತೀನಿ. ಶೂ ವಿಷಯ ಹೆಂಗೆ ಹೇಳೋದು ಗೊತ್ತಿಲ್ಲ... ಸರಿ ತಾಯಿ. ಓದು ಚೆನ್ನಾಗಿ ಮುಂದುವರಿಸು. ಇಡ್ಲಾ?”

ಇಡಲಿಲ್ಲ. ಅವಳು ಹೋಗಿಬರುತ್ತೇನೆ ಎಂದಳು, ಅವರು ಒಳ್ಳೆಯದಾಗಲಿ ಎಂದರು, ಆದರೂ ಫೋನು ಕಿವಿಯಲ್ಲೇ ಇತ್ತು. ಸಂಜೆ ಮನೋಜ್ ಬರುತ್ತಾನೆ. ಅವರು ಕೇಳುತ್ತಾರೆ. ಅವನು ನೋಡೋಣ ಅನ್ನುತ್ತಾನೆ. ವೇದಾ ಮೊಸರು ತರುತ್ತಾಳೆ. ಅವರು ಊಟ ಮುಗಿಸಿ ಆಚೆ ಕೋಣೆಗೆ ಹೋಗಿ ಬಾಗಿಲು ಹಾಕಿಕೊಳ್ಳುತ್ತಾರೆ. ಆ ನಾಲ್ಕು ಸಾಲನ್ನು ಇವಳು ಅವನಿಗೆ ಓದಿ ಹೇಳುತ್ತಾಳೆ, ಈಗಲೂ ಹಾಗೇ ಇದೆಯಾ ಎಂದು ಕೇಳುತ್ತಾಳೆ, ಅವನು ಇದೆ ಎಂದೋ ಇಲ್ಲ ಎಂದೋ ಹೇಳುತ್ತಾನೆ. ಬಾಗಿಲ ಈ ಕಡೆ ಅವರು ಕೂತಿರುತ್ತಾರೆ. ಆಮೇಲೆ ವಿಮಾನ.

“ಅರುಂಧತಿ... ಇದೀಯಾ?...”

“ಒಂದೇ ಒಂದು. ಓದು ಅಂತ ಹೇಳ್ತಿಲ್ಲ. ನೀನು ಓದೋದೇ ಬೇಡ... ಅವನಿಗೆ ಅದು ಬೇಕಾ, ಬೇಡ್ವಾ. ಅಷ್ಟೇ. ಯಾಕೆ ಏನು ಅಂತ ನನಗೆ ಬೇಡ. ನಾನೇ ಬಲವಂತ ಮಾಡ್ತಿದೀನೋ ಏನೋ, ಅದೊಂದು ತಿಳಿದ್ರೆ ಸುಮ್ಮನಾಗ್ತೀನಿ. ಅವನು ನನ್ನ ಹತ್ರ ಹೇಳಲ್ಲಮ್ಮ. ಶೂ ಹಾಕ್ಕೊಂಡು ಮಲಗಿದ್ದೇ ಹೇಳಿಲ್ಲ...”

“ನೀನು ಬಾಯಿಬಿಟ್ಟು ಏನೂ ಹೇಳಬೇಡ. ಬೇಕು ಅಂತ ಇದ್ರೆ ಬರೀ ಹೂಂ ಅನ್ನು. ನಾನು ಅರ್ಥ ಮಾಡ್ಕೋತೀನಿ.”

ಅವರ ಬಿಡುವಾಗಿದ್ದ ಕೈ ಎಲ್ಲಿಯೋ ಒಂದು ಆಸರೆ ಹುಡುಕಿ ಅಡುಗೆಮನೆಯ ಬಾಗಿಲ ಚೌಕಟ್ಟನ್ನು ಹಿಡಿದುಕೊಂಡಿತು. ಹೊರಗೆ ಯೂಟ್ ಗಾಡಿ ಏಣಿ ಹೊತ್ತು ಹೊರಟುಹೋಯಿತು. ಆ ಕಡೆಯಿಂದ ಉಸಿರು ಕೇಳಿಸುತ್ತಿತ್ತು. ಹುಡುಗಿ ಯೋಚಿಸುತ್ತಿದ್ದಳು. ಅವರು ಕಾದರು. ಕಾಯುವುದು, ಕೇಳುವುದು, ಎರಡೂ ಅವರಿಗೆ ಬರುತ್ತಿತ್ತು.

ಆಮೇಲೆ ಅವಳು ಹೇಳಿದಳು. ದೊಡ್ಡ ಮಾತೇನಲ್ಲ.

“ಆಗಲ್ಲ...” ತಿಪ್ಪೇಸ್ವಾಮಿಯವರು ಅದನ್ನು ತಮ್ಮ ಬಾಯಲ್ಲಿ ಮತ್ತೊಮ್ಮೆ ಅಂದುಕೊಂಡರು. “ಏನು ಬರೆದಿದ್ರೂ ಹೇಳೋಕಾಗಲ್ಲ ಅಂತೀಯಾ.”

“ಹೂಂ,” ಎಂದರು.

ಅಷ್ಟರಲ್ಲಿ ಲೈನ್ ಕಟ್ಟಾಗಿತ್ತು.